ನೆಲಕ್ಕೆ ಕೊಟ್ಟ ಕುಣಿತ

ನನ್ನ ಪಾದಗಳಷ್ಟು ಓದಿಕೊಂಡ ಪಾದಗಳು ಈ ಭೂಮಂಡಲದಲ್ಲಿ ಇನ್ನೊಂದು ಜೊತೆ ಇಲ್ಲ. ಬೇಕಾದರೆ ಹುಡುಕಿಕೊಂಡು ಬನ್ನಿ, ಕಾಯುತ್ತೇನೆ. ನಮ್ಮೂರಿನ ನರ್ತನದ ಇತಿಹಾಸ ಬರೆದವನು ನಾನು. ಅದರ ಸಂಪುಟಗಳು ಎಷ್ಟು ದಪ್ಪವೆಂದರೆ, ಮೊದಲನೆಯದನ್ನು ಕಪಾಟಿನಿಂದ ಇಳಿಸಲು ಹೋದ ಗ್ರಂಥಾಲಯದ ಗುಮಾಸ್ತನಿಗೆ ಸೊಂಟ ಹಿಡಿದು, ಆ ಮನುಷ್ಯ ಅದೇ ಭಂಗಿಯಲ್ಲಿ ನಿವೃತ್ತನಾದ. ನಾನು ಸಭೆಯಲ್ಲಿ ಕೆಮ್ಮಿದರೆ ವೇದಿಕೆಯ ಮೇಲಿನ ಗೆಜ್ಜೆಗಳು ತಾವಾಗಿ ನಿಲ್ಲುತ್ತಿದ್ದವು. ನನ್ನ ಒಂದು ವಿಮರ್ಶೆ ಓದಿ ಒಬ್ಬ ನರ್ತಕ ಊರು ಬಿಟ್ಟ, ಇನ್ನೊಂದು ವಿಮರ್ಶೆ ಓದಿ ಅವನೇ ವಾಪಸ್ಸು ಬಂದ. ಹೆಸರು ಪಶುಪತಿ. ಊರಿನವರು ಗೌರವದಿಂದ ಪಾದಶಾಸ್ತ್ರಿಗಳು ಎನ್ನುತ್ತಾರೆ. ಗೌರವವಿಲ್ಲದಾಗ ಏನೆನ್ನುತ್ತಾರೆ ಎಂಬುದು ಈ ಕಥೆಗೆ ಬೇಕಾಗಿಲ್ಲ.

ನಮ್ಮೂರಿನಲ್ಲಿ ಜನ ಮನೆಯೊಳಗೂ ತೆಂಗಿನ ನಾರಿನ ಚಪ್ಪಲಿ ಹಾಕಿಕೊಂಡೇ ಓಡಾಡುತ್ತಾರೆ. ಬರಿಗಾಲಿಟ್ಟರೆ ಕಷ್ಟ. ಆ ಜಾಗದಲ್ಲಿ ಹಿಂದೆ ಯಾರಾದರೂ ಮನಸಾರೆ ಕುಣಿದಿದ್ದರೆ ನೆಲ ಆ ಕುಣಿತವನ್ನು ನಿಮ್ಮ ಕಾಲಿಗೆ ಹತ್ತಿಸಿಬಿಡುತ್ತದೆ. ಕಾಲಿನಿಂದ ಸೊಂಟಕ್ಕೆ, ಸೊಂಟದಿಂದ ಕೈಗೆ, ಕೊನೆಗೆ ಕಣ್ಣಿನ ರೆಪ್ಪೆಯವರೆಗೆ ಏರುತ್ತದೆ. ಮುಗಿಯುವವರೆಗೆ ಬಿಡುವುದಿಲ್ಲ. ನಮ್ಮ ಅಂಚೆ ಕಚೇರಿಯ ಕಿಟಕಿಯ ಮುಂದೆ ಯಾವ ಕಾಲದಲ್ಲೋ ಯಾರೋ ಒಳ್ಳೆಯ ಸುದ್ದಿ ಓದಿಕೊಂಡು ಕುಣಿದಿದ್ದಾರೆ. ಚಪ್ಪಲಿ ಮರೆತು ಬಂದವರು ಇವತ್ತಿಗೂ ಅಲ್ಲಿ ಎರಡು ಸುತ್ತು ತಿರುಗಿಯೇ ಸ್ಟಾಂಪು ಕೊಳ್ಳಬೇಕು. ಸಾವಿನ ತಂತಿ ಕೊಡಲು ಹೋದವರೂ ತಿರುಗುತ್ತಾರೆ, ಹಿಂದೆ ನಿಂತವರು ತಲೆ ತಗ್ಗಿಸಿಕೊಳ್ಳುತ್ತಾರೆ. ನಮ್ಮ ಸೋದರತ್ತೆಯ ಮನೆಯ ಅಡುಗೆಮನೆಯಲ್ಲಿ, ಅವರ ಅತ್ತೆಯ ಅತ್ತೆ, ತಮ್ಮ ಗಂಡ ಕಾಶಿಗೆ ಹೊರಟ ದಿನ ಒಲೆಯ ಪಕ್ಕ ಕುಣಿದಿದ್ದರಂತೆ. ಆ ಮನೆಯ ಸೊಸೆಯರು ಸಾರಿನ ಪಾತ್ರೆ ಹಿಡಿದು ಆ ಜಾಗವನ್ನು ಬಳಸಿಕೊಂಡು ಹೋಗುತ್ತಾರೆ, ಗಂಡಂದಿರು ಮಾತ್ರ ಏನೂ ಕೇಳುವುದಿಲ್ಲ. ಮನೆ ಮಾರುವಾಗ ಬಾವಿಯ ನೀರು ಸಿಹಿಯೋ ಉಪ್ಪೋ ಎಂದು ವಿಚಾರಿಸುವ ಹಾಗೆ ನೆಲ ಸುಮ್ಮನಿದೆಯೋ ಇಲ್ಲವೋ ಎಂದು ವಿಚಾರಿಸುವುದು ವಾಡಿಕೆ. ಸಪ್ಪಳವಾಗದಿರಲಿ ಎಂದು ಚಪ್ಪಲಿ ಬಿಟ್ಟು ಜಮೀನ್ದಾರರ ಪಡಸಾಲೆಗೆ ನುಗ್ಗಿದ ಕಳ್ಳನೊಬ್ಬ, ಅವರ ಅಜ್ಜಿ ಕುಣಿದ ಕೋಲಾಟವನ್ನು ಮುಗಿಸಿ ಬೆವರು ಒರೆಸಿಕೊಳ್ಳುತ್ತಿದ್ದಾಗ ಸಿಕ್ಕಿಬಿದ್ದ. ಪೊಲೀಸರು ಚಪ್ಪಾಳೆ ತಟ್ಟಿ ಕರೆದುಕೊಂಡು ಹೋದರು.

ಇಂಥ ಊರಿನಲ್ಲಿ ನರ್ತನದ ಇತಿಹಾಸಕಾರನಿಗೆ ಶಾಸನ ಬೇಡ, ತಾಳೆಗರಿ ಬೇಡ. ಚಪ್ಪಲಿ ಬಿಟ್ಟು ನಿಂತರೆ ಸಾಕು. ನಾನು ಈ ವಿದ್ಯೆಯಲ್ಲಿ ಎಷ್ಟು ಪಳಗಿದ್ದೆನೆಂದರೆ, ಹೆಬ್ಬೆರಳು ತಾಗಿಸಿದ ಮಾತ್ರಕ್ಕೆ ಇದು ಯಾವ ಕಾಲದ್ದು, ಯಾವ ಮನೆತನದ ಮಟ್ಟು, ಕುಣಿದವರು ಅವತ್ತು ಊಟ ಮಾಡಿದ್ದರೋ ಇಲ್ಲವೋ ಎಂದು ಹೇಳುತ್ತಿದ್ದೆ. ಒಮ್ಮೆ ಸಂತೆಮಾಳದ ಒಂದು ಚಪ್ಪಡಿಯ ಮೇಲೆ ನಿಂತು, ಇಲ್ಲಿ ಕುಣಿದವಳಿಗೆ ಹಲ್ಲುನೋವಿತ್ತು ಎಂದುಬಿಟ್ಟೆ. ಸುತ್ತಲಿದ್ದವರು ಕೆನ್ನೆ ಹಿಡಿದುಕೊಂಡರು.

ನಮ್ಮಲ್ಲಿ ಇನ್ನೊಂದು ಪದ್ಧತಿ ಇದೆ. ದೊಡ್ಡ ನರ್ತಕರು ತಮ್ಮ ಅತಿ ದೊಡ್ಡ ಕುಣಿತವನ್ನು ಯಾರಿಗೂ ಕಲಿಸುವುದಿಲ್ಲ. ಒಂದು ರಂಗಸಾಲೆಯ ಹೊಸ ನೆಲದ ಮೇಲೆ ಒಂದೇ ಒಂದು ಸಲ ಕುಣಿಯುತ್ತಾರೆ. ಇದನ್ನು ನೆಲಕ್ಕೆ ಕೊಡುವುದು ಎನ್ನುತ್ತೇವೆ. ಮಗಳನ್ನು ಕೊಟ್ಟ ಮನೆಗೆ ಪದೇ ಪದೇ ಹೋಗಬಾರದು ಎನ್ನುವ ಹಾಗೆ, ಕೊಟ್ಟವರಾಗಲಿ ಅವರ ಮನೆಯವರಾಗಲಿ ಮತ್ತೆ ಆ ನೆಲದ ಕಡೆ ಸುಳಿಯುವುದಿಲ್ಲ. ಕಲಿಸಿ ಅಮ್ಮ ಎಂದು ಯಾರಾದರೂ ಕೇಳಿದರೆ ‘ನೆಲ ಇದೆಯಲ್ಲ’ ಎನ್ನುತ್ತಾರೆ. ಆ ಮಾತಿನ ಮೇಲೆ ನಮ್ಮೂರಿನ ನರ್ತನವೆಲ್ಲ ನಿಂತಿತ್ತು.

ಪಡುವಣ ರಂಗಸಾಲೆಯ ನೆಲಕ್ಕೆ ಕೊಟ್ಟವರು ಮರಕತಮ್ಮ. ಕುಣಿತದ ಹೆಸರು ‘ದೋಣಿ ಕಾಯುವವಳು’. ಹೊಳೆಯ ದಡದಲ್ಲಿ ಒಬ್ಬ ಹೆಂಗಸು ದೋಣಿಗೆ ಕಾಯುತ್ತಾಳೆ, ಅಷ್ಟೆ. ಅವರು ಅದನ್ನು ಕೊಟ್ಟ ದಿನ ನಾನು ಮುಂದಿನ ಸಾಲಿನಲ್ಲಿ ಕೂತಿದ್ದೆ. ಆಗಿನ್ನೂ ಹೊಸ ವಿಮರ್ಶಕ, ಮೀಸೆ ಕೂಡ ಸರಿಯಾಗಿ ಬಂದಿರಲಿಲ್ಲ. ಮಾರನೆಯ ವಾರ ನಾನು ಬರೆದ ಲೇಖನವನ್ನು ಓದಿ ಊರಿನ ಅರ್ಧ ಜನ ಅತ್ತರು, ಉಳಿದರ್ಧ ಜನ ಪತ್ರಿಕೆ ಸಿಗದೆ ಅತ್ತರು. ಆ ಲೇಖನದ ಬಲದಿಂದಲೇ ನನಗೆ ಆ ರಂಗಸಾಲೆಯ ಮೇಲ್ವಿಚಾರಣೆ ಸಿಕ್ಕಿತು. ಬೀಗದ ಕೈ ಕಾವಲುಗಾರ ಹೊಂಬಾಳಯ್ಯನ ಹತ್ತಿರ, ನೆಲದ ಅಧಿಕಾರ ನನ್ನ ಹತ್ತಿರ.

ಮೊದಲ ಸಲ ಆ ನೆಲವನ್ನು ತುಳಿದದ್ದು ಹೇಗಿತ್ತೆಂದು ಹೇಳಲು ಹೋದರೆ ಇವತ್ತಿಗೂ ನನ್ನ ಬಾಯಿ ಒಣಗುತ್ತದೆ, ನನ್ನ ಬಾಯಿ ಒಣಗುವುದೆಂದರೆ ಸಮುದ್ರ ಒಣಗಿದ ಹಾಗೆ. ಅಂಗಾಲಿನಿಂದ ತಣ್ಣಗೆ ಏನೋ ಏರಿತು. ಈ ಹೊಟ್ಟೆ, ಈ ಎಡಮಂಡಿಯ ಹಳೆಯ ನೋವು, ಈ ಮೂಗಿನ ಮೇಲೆ ನಿಲ್ಲದ ಕನ್ನಡಕ ಎಲ್ಲ ಹೊತ್ತುಕೊಂಡೇ ನಾನು ಹೊಳೆಯ ದಡದಲ್ಲಿ ನಿಂತ ಹೆಂಗಸಾಗಿಬಿಟ್ಟೆ. ಇಳಿದ ಕೂಡಲೇ ಎಲ್ಲ ಹೋಯಿತು. ನೆಲ ಹತ್ತಿಸಿದ್ದು ಕುಣಿತ ಕಲಿತ ಮೈಯಲ್ಲಾದರೆ ನಿಲ್ಲುತ್ತದೆ. ನನ್ನದು ಬರೀ ಓದಿದ ಮೈ. ಹಾಗಾಗಿ ಮತ್ತೆ ಹತ್ತಿದೆ. ಮತ್ತೆ ಮತ್ತೆ ಹತ್ತಿದೆ. ಊರಿಗೆ ಬಂದ ದೊಡ್ಡವರನ್ನೆಲ್ಲ ಕೂರಿಸಿ ತೋರಿಸಿದೆ. ಮಂತ್ರಿಗಳು ಬಂದರು, ಪರದೇಶದ ಪಂಡಿತರು ಬಂದರು. ಒಬ್ಬ ರಾಜಕುಮಾರ ನನ್ನ ಪಾದಗಳ ಅಚ್ಚನ್ನು ಚಿನ್ನದಲ್ಲಿ ಎರಕ ಹೊಯ್ಯಿಸಿಕೊಂಡು ಹೋದ. ಬೆಳ್ಳಿಯೂ ಇರಬಹುದು, ದೂರದಿಂದ ಸರಿಯಾಗಿ ಕಾಣಲಿಲ್ಲ. ಚಪ್ಪಾಳೆ ಬಿದ್ದಷ್ಟೂ ನಾನು ಇನ್ನಷ್ಟು ಮನಸ್ಸು ಕೊಟ್ಟು ತುಳಿಯುತ್ತಿದ್ದೆ. ಮೊದಮೊದಲ ವರ್ಷಗಳಲ್ಲಿ ಅಭ್ಯಾಸಿಗಳನ್ನು ಆ ನೆಲದ ಹತ್ತಿರವೂ ಬಿಡಲಿಲ್ಲ.

ವರ್ಷಗಳು ಕಳೆದ ಹಾಗೆ ನನ್ನ ಸೂಕ್ಷ್ಮ ದೃಷ್ಟಿಗೆ ಒಂದು ಅದ್ಭುತ ಕಾಣಿಸಿತು. ನಾನು ಇಳಿದ ಮೇಲೆ ಆ ನೆಲವನ್ನು ತುಳಿಯುತ್ತಿದ್ದ ಅಭ್ಯಾಸಿಗಳನ್ನು ಕೂತು ನೋಡುತ್ತಿದ್ದೆನಲ್ಲ, ಅವರೆಲ್ಲರ ಮೈಯಲ್ಲಿ ಯಾವ ಶಾಸ್ತ್ರದಲ್ಲೂ ಇಲ್ಲದ ಒಂದು ಹಸ್ತ ಬರುತ್ತಿತ್ತು. ಬಲಗೈಯ ತೋರುಬೆರಳು ಮೆಲ್ಲಗೆ ಎದ್ದು ಮೂಗಿನ ಬುಡವನ್ನು ಮುಟ್ಟಿ, ಒಂದಿಷ್ಟು ಮೇಲಕ್ಕೆ ಒತ್ತಿ ಇಳಿಯುವುದು. ನಾನು ಅದಕ್ಕೆ ಭ್ರೂಮಧ್ಯಹಸ್ತ ಎಂದು ನಾಮಕರಣ ಮಾಡಿದೆ. ಕಾಯುವವಳು ಹೊರಗಿನ ಹೊಳೆಯಿಂದ ಒಳಗಿನ ಹೊಳೆಗೆ ದೃಷ್ಟಿ ತಿರುಗಿಸುವ ಕ್ಷಣ ಎಂದು ಎರಡನೆಯ ಸಂಪುಟದಲ್ಲಿ ಇಡೀ ಅಧ್ಯಾಯ ಬರೆದೆ. ಹಾಗೆಯೇ ಎಡಗಾಲನ್ನು ಚೂರು ಎಳೆದು ತಡೆಯುವ ಒಂದು ನಡೆ. ಅದು ದೋಣಿ ದಡಕ್ಕೆ ತಾಗಿ ನಿಲ್ಲುವ ಸೂಚನೆ ಎಂದೆ. ಇವೆಲ್ಲ ಮೊದಲ ಸಂಪುಟದಲ್ಲಿ ಯಾಕಿಲ್ಲ ಎಂದು ಕೇಳಿದವರಿಗೆ, ಮಹಾಕೃತಿ ನೆಲದೊಳಗೂ ಬೆಳೆಯುತ್ತದೆ ಎಂದು ಉತ್ತರ ಕೊಟ್ಟೆ. ನರ್ತನಶಾಲೆ ನಡೆಸುವ ಲಲಿತಾಂಬಾ ಆ ಅಧ್ಯಾಯವನ್ನು ಪಾಠವಾಗಿಟ್ಟರು. ಊರಿನ ಹೆಣ್ಣುಮಕ್ಕಳೆಲ್ಲ ಮೂಗಿನ ಬುಡ ಮುಟ್ಟಿಕೊಳ್ಳಲು ಕಲಿತರು.

ಇಷ್ಟಾದರೂ ಮರಕತಮ್ಮ ತಮ್ಮ ಮನೆಯಲ್ಲೇ ಇದ್ದರು. ಪದ್ಧತಿ ಮುರಿಯುವ ಪೈಕಿ ಅಲ್ಲ. ನಾನು ಬೀದಿಯಲ್ಲಿ ಸಿಕ್ಕರೆ ‘ಏನ್ ಶಾಸ್ತ್ರಿಗಳೇ, ನಮ್ಮ ನೆಲ ಆರೋಗ್ಯವಾ?’ ಎಂದು ಕೇಳುತ್ತಿದ್ದರು. ‘ಬೆಳೀತಾ ಇದೆ ಮರಕತಮ್ಮನವರೇ’ ಎನ್ನುತ್ತಿದ್ದೆ. ಅವರು ಸಂತೋಷಪಡುತ್ತಿದ್ದರು.

ಆಮೇಲೆ ಅವರಿಗೆ ಲಕ್ವ ಹೊಡೆಯಿತು. ಬಲಭಾಗ ಪೂರ್ತಿ ಬಿದ್ದುಹೋಯಿತು. ಮಾತು ಉಳಿಯಿತು, ಅದೂ ಮೊದಲಿಗಿಂತ ಚೂಪಾಗಿ. ಒಂದು ಬೆಳಿಗ್ಗೆ ಅವರ ಮಗಳು ಸೌಗಂಧಿ ನಮ್ಮ ಮನೆಗೆ ಬಂದಳು. ತಾಯಿಯಿಂದ ಎಲ್ಲ ಕಲಿತವಳು, ಆ ಒಂದನ್ನು ಬಿಟ್ಟು. ನಲವತ್ತರ ಹತ್ತಿರದ ಗಟ್ಟಿ ಹೆಂಗಸು, ನಿಂತರೆ ಕಂಬಕ್ಕೆ ನಾಚಿಕೆಯಾಗಬೇಕು.

‘ಮಾಮ, ಅಮ್ಮ ನಿಮ್ಮನ್ನ ಕರೀತಿದಾಳೆ’ ಎಂದಳು. ‘ಅದೇನು ಅಂತ ನಾನು ಹೇಳೋಲ್ಲ. ನೀವೇ ಬಂದು ಬೈಸಿಕೊಳ್ಳಿ.’

ಹೋದೆ. ಮರಕತಮ್ಮ ಮಂಚದ ಮೇಲೆ ದಿಂಬಿಗೊರಗಿ ಕೂತಿದ್ದರು. ‘ಬನ್ನಿ ಶಾಸ್ತ್ರಿಗಳೇ. ನನಗೊಂದು ಕೆಟ್ಟ ಆಸೆ ಬಂದುಬಿಟ್ಟಿದೆ. ಇಡೀ ಊರು ನನ್ನ ದೋಣಿ ನೋಡ್ತು, ನೀವಂತೂ ದಿನಾ ನೋಡ್ತೀರಿ. ನಾನೊಬ್ಬಳು ನೋಡೇ ಇಲ್ಲ.’

‘ನೀವೇ ಕುಣಿದವರು!’

‘ಕುಣಿಯೋಳಿಗೆ ಕಾಣುತ್ತೇನ್ರೀ? ಒಳಗಿದ್ದೋಳಿಗೆ ಮನೆ ಹೊರಗಡೆಯಿಂದ ಹೇಗಿದೆ ಅಂತ ಏನು ಗೊತ್ತು?’ ಅವರು ಎಡಗೈಯಿಂದ ಬಲಗೈಯನ್ನು ಎತ್ತಿ ಮಡಿಲಲ್ಲಿಟ್ಟುಕೊಂಡರು. ‘ಈ ಕೈ ಹೋದಾಗಲೇ ಅದರ ನೆನಪೂ ಹೋಯ್ತು. ಎಲ್ಲಿ ಶುರು, ಎಲ್ಲಿ ತಿರುವು, ಒಂದೂ ಇಲ್ಲ. ಕಣ್ಣು ಮುಚ್ಚೋ ಮುಂಚೆ ಒಂದ್ಸಲ ನೋಡ್ಬೇಕು. ಇವಳು ತುಳೀಲಿ, ನಾನು ನೋಡ್ತೀನಿ. ಇವಳ ಮೈಯಲ್ಲಿ ನಿಲ್ಲುತ್ತೆ, ಆಮೇಲೆ ಇವಳು ಏನಾದ್ರೂ ಮಾಡ್ಕೊಳ್ಳಲಿ.’

‘ಮನೆಯವರು ತುಳಿಯೋ ಹಾಗಿಲ್ಲ ಅಂತ ಊರಿನವರು...’

‘ಊರಿನವರಿಗೆ ಹೇಳಿ, ಮುದುಕಿ ಕೊಟ್ಟ ಮಗಳನ್ನ ನೋಡೋಕೆ ಬರ್ತಿದಾಳೆ ಅಂತ.’

ಊರಿನವರನ್ನು ಒಪ್ಪಿಸುವುದು ನನಗೇನು ಮಹಾ? ನನ್ನ ಭಾಷಣದ ಅರ್ಧಕ್ಕೇ ಹಿರಿಯರು ಒಪ್ಪಿಗೆ ಕೊಟ್ಟು ಎದ್ದುಹೋದರು. ಉಳಿದರ್ಧವನ್ನು ಹೊಂಬಾಳಯ್ಯ ಕೇಳಿದ.

ಆ ಬೆಳಿಗ್ಗೆ ಪಡುವಣ ರಂಗಸಾಲೆಯಲ್ಲಿ ಕಾಲಿಡಲು ಜಾಗವಿರಲಿಲ್ಲ. ಲಲಿತಾಂಬಾ ತಮ್ಮ ಶಿಷ್ಯೆಯರ ದಂಡನ್ನೇ ಕರೆತಂದಿದ್ದರು. ಮರಕತಮ್ಮನನ್ನು ಬೆತ್ತದ ಕುರ್ಚಿಯಲ್ಲಿ ಕೂರಿಸಿ ನಾನೂ ಹೊಂಬಾಳಯ್ಯನೂ ಹೊತ್ತು ತಂದೆವು. ಹೊತ್ತದ್ದು ಹೆಚ್ಚಾಗಿ ಹೊಂಬಾಳಯ್ಯ, ದಾರಿ ತೋರಿಸಿದ್ದು ನಾನು. ಮರಕತಮ್ಮ ರೇಷ್ಮೆ ಸೀರೆ ಉಟ್ಟಿದ್ದರು. ಮದುವೆಮನೆಗೆ ಬಂದವರ ಹಾಗೆ ನೆಲವನ್ನೇ ನೋಡುತ್ತಿದ್ದರು, ಆ ನುಣುಪಾದ ಗಾರೆ ನೆಲವನ್ನು. ‘ಬಣ್ಣ ಮಾಸಿಲ್ಲ’ ಎಂದರು. ನಾನು ಅವರ ಪಕ್ಕದಲ್ಲೇ ನಿಂತೆ, ಎಲ್ಲರಿಗೂ ಕಾಣುವ ಹಾಗೆ.

ಸೌಗಂಧಿ ಚಪ್ಪಲಿ ಬಿಟ್ಟಳು. ಸೆರಗು ಸೊಂಟಕ್ಕೆ ಸಿಕ್ಕಿಸಿದಳು. ಒಂದು ಸಲ ತಾಯಿಯ ಕಡೆ ನೋಡಿ, ನೆಲದ ಮೇಲೆ ಕಾಲಿಟ್ಟಳು.

ಕಾಲಿಗೆ ಹತ್ತಿತು. ಅವಳ ಮೈ ಸಡಿಲವಾಗಿ, ತೋಳುಗಳು ಎದ್ದು, ಹೊಳೆಯ ಅಗಲವನ್ನು ತೋರಿಸಿದವು. ಮರಕತಮ್ಮ ಕುರ್ಚಿಯಲ್ಲಿ ಮುಂದಕ್ಕೆ ಬಾಗಿದರು. ಆಮೇಲೆ ಸೌಗಂಧಿಯ ಎಡಗಾಲು ಎಳೆಯಿತು, ತಡೆಯಿತು. ‘ದೋಣಿ, ದಡ’ ಎಂದು ನಾನು ಪಿಸುಗುಟ್ಟಿದೆ. ತಿಳಿದವರು ತಲೆದೂಗಿದರು. ಆಮೇಲೆ ಅವಳ ಹೊಟ್ಟೆ ಸ್ವಲ್ಪ ಮುಂದೆ ಬಂದು, ಎದೆ ಉಬ್ಬಿ, ಗಲ್ಲ ಮೇಲಕ್ಕೆದ್ದಿತು. ಸಭೆಯ ಕಡೆ ತಿರುಗಿ ಚಪ್ಪಾಳೆಗೆ ಕಾಯುವವರ ಹಾಗೆ ಒಂದು ಕ್ಷಣ ನಿಂತಳು. ಬಲಗೈ ಎದ್ದಿತು. ತೋರುಬೆರಳು ಮೂಗಿನ ಬುಡಕ್ಕೆ ಹೋಯಿತು.

‘ಭ್ರೂಮಧ್ಯ!’ ಎಂದರು ಲಲಿತಾಂಬಾ, ಕೈಮುಗಿದು.

ನನಗೆ ಎದೆ ತುಂಬಿಬಂತು. ತುಂಬಿ ಬಂದದ್ದರಿಂದ ಕನ್ನಡಕ ಜಾರಿತು. ಜಾರಿದ್ದರಿಂದ ಬಲಗೈ ತೋರುಬೆರಳಿನಿಂದ ಮೂಗಿನ ಬುಡಕ್ಕೆ ಮೆಲ್ಲಗೆ ಒತ್ತಿ ಏರಿಸಿಕೊಂಡೆ.

ಮರಕತಮ್ಮ ಮಗಳನ್ನು ನೋಡಿದರು. ತಲೆಯೆತ್ತಿ ನನ್ನನ್ನು ನೋಡಿದರು. ಮತ್ತೆ ಮಗಳನ್ನು ನೋಡಿದರು. ಅಲ್ಲಿ ಸೌಗಂಧಿ ಎರಡನೆಯ ಸಲ ಅದೇ ಬೆರಳನ್ನು ಅದೇ ಜಾಗಕ್ಕೆ ಒಯ್ಯುತ್ತಿದ್ದಳು.

‘ಶಾಸ್ತ್ರಿಗಳೇ’ ಎಂದರು ಮರಕತಮ್ಮ, ಇಡೀ ಸಾಲೆಗೆ ಕೇಳುವ ಹಾಗೆ. ‘ನಾನು ಯಾವತ್ತು ಕನ್ನಡಕ ಹಾಕ್ಕೊಂಡಿದ್ದೆ?’

ಮೊದಲು ಯಾರಿಗೂ ಅರ್ಥವಾಗಲಿಲ್ಲ. ಸೌಗಂಧಿ ಎಡಗಾಲು ಎಳೆಯುತ್ತಾ ಈ ಕಡೆಯಿಂದ ಆ ಕಡೆಗೆ ನಡೆದಳು, ನಾನು ಮಾರುಕಟ್ಟೆಗೆ ನಡೆಯುವ ಹಾಗೆಯೇ. ಎಲ್ಲೋ ಹಿಂದೆ ಹೊಂಬಾಳಯ್ಯ ‘ಅಯ್ಯಯ್ಯೋ, ಇದು ನಮ್ ಬುದ್ಧಿಯೋರು ಕಣ್ರಪ್ಪ!’ ಎಂದ. ಆಮೇಲೆ ನಗು ಬಂತು ನೋಡಿ. ರಂಗಸಾಲೆಯ ಹೆಂಚುಗಳು ಹಾರಿಹೋದವು ಎಂದರೆ ನೀವು ನಂಬಬೇಕು, ನಾನು ಕಣ್ಣಾರೆ ಕಂಡೆ. ಲಲಿತಾಂಬಾ ಮಾತ್ರ ನಗಲಿಲ್ಲ, ಶಿಷ್ಯೆಯರನ್ನು ಎಬ್ಬಿಸಿಕೊಂಡು ಹೊರಟರು. ಮರಕತಮ್ಮನೂ ನಕ್ಕರು, ಅರ್ಧ ಮುಖದಿಂದ. ಕುಣಿತ ಮುಗಿದು ನೆಲ ಸೌಗಂಧಿಯನ್ನು ಬಿಟ್ಟಾಗ ಅವರ ನಗುವ ಕಡೆಯ ಕಣ್ಣಿನಿಂದ ನೀರು ಇಳಿಯುತ್ತಿತ್ತು, ಬಿದ್ದುಹೋದ ಕಡೆಯ ಕಣ್ಣು ಒಣಗಿಯೇ ಇತ್ತು.

ಜನ ಹೋದರು. ಸಾಲೆಯಲ್ಲಿ ನಾವು ಮೂವರು, ಬಾಗಿಲಲ್ಲಿ ಹೊಂಬಾಳಯ್ಯ.

‘ನಿಮ್ಮ ಮಂಡಿನೋವು ನನಗ್ಯಾಕೆ ಕೊಟ್ರಿ ಮಾಮ?’ ಎಂದಳು ಸೌಗಂಧಿ. ಕಾಲು ನೀವಿಕೊಳ್ಳುತ್ತಾ ನೆಲದಂಚಿನಲ್ಲಿ ಕೂತಿದ್ದಳು. ‘ಆ ಹುಡುಗೀರು ಮೂಗು ಮುಟ್ಕೊಳ್ಳೋದನ್ನ ನೋಡಿ ಏನೋ ಹೊಸ ಫ್ಯಾಷನ್ ಅಂದ್ಕೊಂಡಿದ್ದೆ. ಅಮ್ಮಂದು ಅಂತ ಹೇಳ್ಕೊಟ್ಟಿದ್ದಾ?’

ನಾನು ಕನ್ನಡಕ ತೆಗೆದು ಒರೆಸಿಕೊಂಡೆ. ‘ಎಷ್ಟೋ ಜನ ತುಳಿದಿದ್ದಾರೆ. ನನ್ನದೊಂದೇ ಯಾಕೆ...’

‘ಬೇರೆಯವರೆಲ್ಲ ಸುಮ್ಮನೆ ತುಳಿದ್ರು, ಹೋದ್ರು’ ಎಂದರು ಮರಕತಮ್ಮ. ಅವರ ದನಿಯಲ್ಲಿ ಸಿಟ್ಟಿರಲಿಲ್ಲ, ಇದ್ದಿದ್ದರೆ ನನಗೆ ಒಳ್ಳೆಯದಿತ್ತು. ‘ನೀವು ಆಸೆಪಟ್ಟು ತುಳಿದಿರಿ. ಮನಸಾರೆ ಕುಣಿದೋರದ್ದನ್ನ ಅದು ಇಟ್ಕೊಳ್ಳುತ್ತೆ. ಅದಕ್ಕೇನು ಗೊತ್ತು, ಯಾರು ಕೊಟ್ಟೋರು ಯಾರು ನೋಡೋಕೆ ಬಂದೋರು ಅಂತ?’ ಆಮೇಲೆ ಕೇಳಿದರು, ‘ಹೋಗ್ಲಿ. ನಾನು ಕೊಟ್ಟ ದಿನ ನೀವಿದ್ರಲ್ಲ, ಮುಂದುಗಡೆನೇ.’

‘ಇದ್ದೆ! ಕಣ್ಣು ಮಿಟುಕಿಸದೆ ನೋಡಿದೆ!’

‘ಹಾಗಾದ್ರೆ ಹೇಳಿ. ನೀವು ಹೇಳಿದ ಹಾಗೆ ಇವಳು ಮಾಡ್ತಾಳೆ. ನೆಲ ಬೇಡ, ಆ ಕಡೆ ಜಗಲಿ ಮೇಲೆ ಮಾಡಲಿ. ಮೊದಲು ಏನು?’

ನಾನು ಕಣ್ಣು ಮುಚ್ಚಿದೆ. ನನ್ನ ನೆನಪಿನ ಶಕ್ತಿ ಎಂಥದೆಂದು ಊರಿಗೇ ಗೊತ್ತು, ನಾನು ತೊಟ್ಟಿಲಲ್ಲಿ ಕೇಳಿದ ಜೋಗುಳವನ್ನು ರಾಗಸಮೇತ ಹಾಡಬಲ್ಲೆ. ಬಾಯಿಬಿಟ್ಟೆ. ‘ಮುಸ್ಸಂಜೆಯ ಮೋಡವೊಂದು ದಾರಿ ತಪ್ಪಿ ರಂಗಕ್ಕಿಳಿದಂತೆ ಮರಕತಮ್ಮನವರು ಪ್ರವೇಶಿಸಿದರು...’

‘ಅದು ನೀವು ಬರೆದಿದ್ದು. ಕಾಲು ಹೇಳಿ.’

‘ಮಿಂಚಿನ ಬಳ್ಳಿಯಂತೆ ಬಳುಕಿ...’

‘ಮಿಂಚಿನ ಬಳ್ಳಿ ಅಂದ್ರೆ ಎಡಗಾಲೋ ಬಲಗಾಲೋ?’

ಜಗಲಿಯ ಮೇಲೆ ಸೌಗಂಧಿ ಎರಡೂ ಕಾಲು ಜೋಡಿಸಿಕೊಂಡು ಕಾಯುತ್ತಾ ನಿಂತಿದ್ದಳು. ನಾನು ಹುಡುಕಿದೆ. ನಿಜವಾಗಿ ಹುಡುಕಿದೆ, ಬಾವಿಗೆ ಬಿದ್ದ ಕೊಡ ಹುಡುಕುವವರ ಹಾಗೆ ಪಾತಾಳಗರಡಿ ಇಳಿಬಿಟ್ಟು ಹುಡುಕಿದೆ. ಪ್ರತಿ ಸಲವೂ ಮೇಲೆ ಬಂದದ್ದು ನನ್ನದೇ ಒಂದು ವಾಕ್ಯ. ಅವತ್ತು ಅವರು ಕುಣಿಯುತ್ತಿದ್ದಾಗ ನಾನು ಮುಂದಿನ ಸಾಲಿನಲ್ಲಿ ಕೂತು, ಮೋಡ ಎನ್ನಲೋ ಮಂಜು ಎನ್ನಲೋ ಎಂದು ತೂಗಿ ನೋಡುತ್ತಿದ್ದೆ. ಮೋಡ ಗೆದ್ದದ್ದು ಚೆನ್ನಾಗಿ ನೆನಪಿದೆ.

‘ಬಿಡಿ’ ಎಂದರು ಮರಕತಮ್ಮ. ‘ಚೆನ್ನಾಗಿ ಬರೆದಿದ್ರಿ. ನಾನು ಕತ್ತರಿಸಿ ಇಟ್ಕೊಂಡಿದ್ದೆ.’

ಹೊಂಬಾಳಯ್ಯ ಕುರ್ಚಿ ಎತ್ತಲು ಬಂದ. ಅವನು ಬಗ್ಗಿದಾಗ ಅವರು ಅವನ ಹೆಗಲಿನಾಚೆ ಮೂಲೆಯ ಕಂಬವನ್ನು ನೋಡುತ್ತಿದ್ದರು. ದಪ್ಪ ಕಲ್ಲುಕಂಬ. ಅದಕ್ಕೂ ಗೋಡೆಗೂ ನಡುವೆ ಒಬ್ಬರು ಅಡ್ಡ ತಿರುಗಿ ನಿಲ್ಲುವಷ್ಟು ಸಂದಿ.

‘ನಾನು ಅಲ್ಲಿಂದ ಬಂದೆ’ ಎಂದರು. ‘ಬಾಗಿಲಿಂದ ಬರಲಿಲ್ಲ. ಪಕ್ಕವಾದ್ಯದೋರು ಶುರು ಮಾಡೋವರೆಗೂ ಅಲ್ಲೇ ನಿಂತಿದ್ದೆ. ಶಾಸ್ತ್ರಿಗಳೇ, ನೀವು ಅಲ್ಲಿ ತುಳಿದಿದೀರಾ?’

‘ಇಲ್ಲ’ ಎಂದೆ.

‘ಯಾಕೆ?’

ನನ್ನ ಹೊಟ್ಟೆ ಸಾಮಾನ್ಯದ್ದಲ್ಲ. ದೂರದಿಂದ ಅದು ಮೊದಲು ಬರುತ್ತದೆ, ನಾನು ಆಮೇಲೆ ಬರುತ್ತೇನೆ. ಆ ಸಂದಿಯಲ್ಲಿ ನುಸುಳಲು ನಾನು ಒಮ್ಮೆ ಯತ್ನಿಸಿ ಸಿಕ್ಕಿಹಾಕಿಕೊಂಡು, ಹೊಂಬಾಳಯ್ಯ ಹರಳೆಣ್ಣೆ ಸವರಿ ನನ್ನನ್ನು ಎಳೆದು ತೆಗೆದಿದ್ದ. ಅಂದಿನಿಂದ ಕಂಬದ ಹಿಂದೆ ಇತಿಹಾಸವೇನೂ ಇಲ್ಲವೆಂದು ನಿರ್ಧರಿಸಿದ್ದೆ. ಇದನ್ನು ಹೇಳಿದೆ. ಮರಕತಮ್ಮ ಎರಡನೆಯ ಸಲ ನಕ್ಕರು. ‘ನಿಮ್ಮ ಹೊಟ್ಟೆ ತಣ್ಣಗಿರಲಿ’ ಎಂದರು. ‘ಸೌಗಂಧಿ, ಹೋಗು.’

ಸೌಗಂಧಿ ಚಪ್ಪಲಿ ಹಾಕಿಕೊಂಡೇ ನೆಲದ ಅಂಚಿನಲ್ಲಿ ಹೋಗಿ, ಕಂಬದ ಹಿಂದೆ ಅಡ್ಡ ತಿರುಗಿ ನುಸುಳಿ, ಅಲ್ಲಿ ಚಪ್ಪಲಿ ಕಳಚಿದಳು. ನಾವು ಕುರ್ಚಿಯನ್ನು ಒಳಗೆ ಕಾಣುವ ಹಾಗೆ ತಿರುಗಿಸಿದೆವು.

ಏನೂ ಆಗಲಿಲ್ಲ ಎಂದುಕೊಂಡೆ. ಆಮೇಲೆ ಅವಳ ಭುಜಗಳು ಕಿರಿದಾದವು. ನಲವತ್ತರ ಹೆಂಗಸು ನಮ್ಮ ಕಣ್ಣೆದುರಿಗೇ ಇಪ್ಪತ್ತರ ಹುಡುಗಿಯಾಗಿ ಕುಗ್ಗಿದಳು. ಅಂಗೈಗಳನ್ನು ಸೀರೆಗೆ ಒರೆಸಿಕೊಂಡಳು, ಒಂದು ಸಲ, ಇನ್ನೊಂದು ಸಲ. ಬೆವರು ಹೋಗಲಿಲ್ಲವೆಂದು ಕಾಣುತ್ತದೆ, ಗೋಡೆಗೆ ಒತ್ತಿದಳು. ತುಟಿಯಲ್ಲೇ ಏನೋ ಎಣಿಸಿ ತಪ್ಪಿ, ಮತ್ತೆ ಮೊದಲಿನಿಂದ ಎಣಿಸಿದಳು. ಬಗ್ಗಿ ನೆಲ ಮುಟ್ಟಿ ಕಣ್ಣಿಗೊತ್ತಿಕೊಂಡಳು. ಕಂಬದ ಅಂಚಿನಿಂದ ಚೂರೇ ಇಣುಕಿ ಸಭೆಯನ್ನು ನೋಡಿ, ತಟ್ಟನೆ ಹಿಂದೆ ಸರಿದಳು. ಎದೆಯ ಮೇಲೆ ಕೈಯಿಟ್ಟು ಒಂದು ಉಸಿರು ಎಳೆದುಕೊಂಡಳು. ಆಮೇಲೆ ಬೆನ್ನು ನೆಟ್ಟಗಾಯಿತು, ಮುಖ ಮೇಲಕ್ಕೆದ್ದಿತು, ಆ ಸಂದಿಯಲ್ಲಿ ಹೊಳೆಯ ಗಾಳಿ ಬೀಸಿದ ಹಾಗೆ ಅವಳ ಕಣ್ಣು ಕಿರಿದಾಯಿತು. ಬಲಗಾಲು ನೆಲದಿಂದ ಎದ್ದಿತು.

ಅಲ್ಲಿಗೆ ಮುಗಿಯಿತು. ಎತ್ತಿದ ಕಾಲು ಇಳಿಯಬೇಕಾದ ಜಾಗ ಕಂಬದ ಈಚೆಗಿತ್ತು, ಅದು ನನ್ನದು. ಸೌಗಂಧಿ ಕಂಬ ಹಿಡಿದು ಸಾವರಿಸಿಕೊಂಡು ಚಪ್ಪಲಿಯ ಮೇಲೆ ಕಾಲಿಟ್ಟಳು.

‘ಅಯ್ಯೋ’ ಎಂದರು ಮರಕತಮ್ಮ, ‘ಎಷ್ಟು ಹೆದರ್ಕೊಂಡಿತ್ತಲ್ಲೇ ಮಗು.’ ಪಕ್ಕದ ಮನೆಯ ಯಾವುದೋ ಹುಡುಗಿಯ ವಿಷಯ ಹೇಳುವ ಹಾಗೆ ಹೇಳಿದರು.

‘ಇನ್ನೊಂದ್ಸಲ ಮಾಡ್ಲಾ ಅಮ್ಮ?’ ಎಂದಳು ಸೌಗಂಧಿ. ಅವಳ ದನಿಯಲ್ಲಿ ಬರೀ ಆಸೆ ಇತ್ತು.

‘ಬೇಡ ಕಣೆ. ನಿನಗೂ ತುಂಬಾ ಇಷ್ಟವಾಗಿದೆ. ಚಪ್ಪಲಿ ಹಾಕ್ಕೊಂಡು ಬಾ.’

ಆ ಮಳೆಗಾಲದಲ್ಲಿ ಮರಕತಮ್ಮ ಹೋದರು. ಅವರ ಶವಯಾತ್ರೆಯಷ್ಟು ದೊಡ್ಡದನ್ನು ಯಾವ ಚಕ್ರವರ್ತಿಯೂ ಕಂಡಿಲ್ಲ. ಮುಂದಿನ ತುದಿ ಹೊಳೆ ಮುಟ್ಟಿದಾಗ ಹಿಂದಿನ ತುದಿಯವರು ಇನ್ನೂ ಮನೆಯಲ್ಲಿ ಸ್ನಾನ ಮಾಡುತ್ತಿದ್ದರು. ಲಲಿತಾಂಬಾ ಅವರ ಬಳಿ ಹೋಗಿ, ಇನ್ನು ಆ ಹಸ್ತ ಕಲಿಸಬೇಡಿ, ಅದು ನನ್ನ ಕನ್ನಡಕ ಎಂದು ಕೇಳಿಕೊಂಡೆ. ‘ಅದು ಹೇಗಾಗುತ್ತೆ ಶಾಸ್ತ್ರಿಗಳೇ? ನನ್ನ ಶಿಷ್ಯೆಯರ ಶಿಷ್ಯೆಯರು ಕಲಿಸ್ತಿದಾರೆ. ಪರೀಕ್ಷೇಲಿ ಕೇಳ್ತಾರೆ. ಈಗ ಅದು ಸಂಪ್ರದಾಯ’ ಎಂದರು. ಪುಸ್ತಕವನ್ನು ತಿದ್ದುತ್ತೇನೆಂದೆ. ‘ತಿದ್ದಿ. ಅಷ್ಟು ದಪ್ಪದ್ದನ್ನ ಯಾರು ಎತ್ತುತ್ತಾರೆ?’ ಎಂದರು.

ಸೌಗಂಧಿ ಸಿಗುತ್ತಾಳೆ, ಮಾರುಕಟ್ಟೆಯಲ್ಲಿ. ಕಲಿತ ಮೈ ಅವಳದು, ನೆಲ ಹತ್ತಿಸಿದ್ದನ್ನು ಬಿಡುವುದಿಲ್ಲ. ಬದನೆಕಾಯಿ ಆರಿಸುತ್ತಾ ಇದ್ದಕ್ಕಿದ್ದಂತೆ ಅವಳ ಬೆರಳು ಮೂಗಿನ ಬುಡಕ್ಕೆ ಹೋಗುತ್ತದೆ. ಎಡಗಾಲು ಚೂರು ಎಳೆಯುತ್ತದೆ. ಒಂದು ದಿನ ಎದುರಾದಾಗ ಇಬ್ಬರ ಕೈಯೂ ಒಟ್ಟಿಗೆ ಮೂಗಿಗೆ ಹೋಯಿತು. ತರಕಾರಿಯವಳು ನಕ್ಕಳು, ನಾವಿಬ್ಬರೂ ನಗಲಿಲ್ಲ. ‘ನಿಮ್ಮನ್ನ ನನ್ನ ಮೈಯಿಂದ ಕಿತ್ತುಹಾಕೋಕೆ ಆಗ್ತಿಲ್ಲ ಮಾಮ’ ಎಂದಳು. ‘ಅಮ್ಮನ್ನ ಹುಡುಕಿದಾಗೆಲ್ಲ ನೀವು ಸಿಗ್ತೀರಿ.’ ಎರಡು ಬದನೆಕಾಯಿಯನ್ನು ನನ್ನ ಚೀಲಕ್ಕೆ ಹಾಕಿ ಹೋದಳು. ಅದು ಯಾಕೆಂದು ಇವತ್ತಿಗೂ ತಿಳಿದಿಲ್ಲ.

ಈಗ ನಾನು ಪಡುವಣ ರಂಗಸಾಲೆಯ ಮೂಲೆಯಲ್ಲಿ, ಆ ಕಂಬಕ್ಕೆ ಬೆನ್ನು ಕೊಟ್ಟು ಕೂರುತ್ತೇನೆ. ಮೂರು ಲೋಕದಲ್ಲಿ ಸಾಟಿಯಿಲ್ಲದ ಈ ಪಾದಗಳಿಗೆ ನಾರಿನ ಚಪ್ಪಲಿ, ಅದರ ಮೇಲೆ ಇನ್ನೊಂದು ಜೊತೆ ನಾರಿನ ಚಪ್ಪಲಿ. ಹೊರಗಿನಿಂದ ಬಂದವರು ನಡುನೆಲದಲ್ಲಿ ಕುಣಿದು, ಮೂಗು ಮುಟ್ಟಿಕೊಂಡು, ಆಹಾ ಮರಕತಮ್ಮ ಎನ್ನುತ್ತಾರೆ. ನಾನು ಅಲ್ಲವೆನ್ನುತ್ತೇನೆ. ಎಷ್ಟು ವಿನಯ ಈ ಮುದುಕನಿಗೆ ಎಂದು ಹೊಗಳುತ್ತಾರೆ. ಜೀವಮಾನವೆಲ್ಲ ನಾನು ಹೇಳಿದ್ದನ್ನು ನಂಬಿದವರು ಈ ಒಂದನ್ನು ನಂಬುವುದಿಲ್ಲ. ಕಂಬದ ಹಿಂದೆ ಏನಿದೆ ಎಂದು ಕೆಲವರು ಕೇಳುತ್ತಾರೆ. ಹುಲಿ ಇದೆ ಎನ್ನುತ್ತೇನೆ, ಮೊನ್ನೆ ತಾನೇ ಮರಿ ಹಾಕಿದೆ ಎನ್ನುತ್ತೇನೆ. ಅವರು ನಕ್ಕು ಆಚೆ ಹೋಗುತ್ತಾರೆ.

ಅಲ್ಲಿ ಒಬ್ಬ ಹುಡುಗಿ ಅಂಗೈ ಒರೆಸಿಕೊಂಡು, ಉಸಿರು ಎಳೆದು, ಬಲಗಾಲು ಎತ್ತಿದ್ದಾಳೆ. ಅದು ಎಲ್ಲಿ ಇಳಿಯಿತೆಂದು ಈಗ ಯಾರಿಗೂ ಗೊತ್ತಿಲ್ಲ. ಅವತ್ತು ಮುಂದಿನ ಸಾಲಿನಲ್ಲಿ, ಅವಳಿಗೆ ಎಲ್ಲರಿಗಿಂತ ಹತ್ತಿರದಲ್ಲಿ, ನಾನು ಕೂತಿದ್ದೆ.